ಹನ್ನೊಂದು ನಿಮಿಷದ ತಿಂಡಿ

ನಾನು ಕ್ಯಾಮೆರಾ ಹಿಡಿದರೆ ಕಲ್ಲು ಕೂಡ ಮುಖ ತೊಳೆದುಕೊಂಡು ಬಂದು ನಿಲ್ಲುತ್ತದೆ. ಇದು ನನ್ನ ಮಾತಲ್ಲ, ನಮ್ಮ ನಗರಸಭೆಯ ಚಿತ್ರ ವಿಭಾಗದಲ್ಲಿ ಯಾರನ್ನು ಬೇಕಾದರೂ ಕೇಳಿ. ವಿಭಾಗದಲ್ಲಿ ಇದ್ದವರು ಇಬ್ಬರೇ, ನಾನು ಮತ್ತು ಮೇಡಂ. ಮೇಡಂ ಒಪ್ಪುವುದಿಲ್ಲ, ಆದ್ದರಿಂದ ನನ್ನನ್ನೇ ಕೇಳಿ. ಒಮ್ಮೆ ಒಂದು ಚರಂಡಿಯ ಉದ್ಘಾಟನೆಯನ್ನು ತೆಗೆದಿದ್ದೆ. ಅದನ್ನು ನೋಡಿದ ನಾಲ್ಕು ಕುಟುಂಬದವರು ಇದ್ದ ಮನೆ ಬಿಟ್ಟು ಚರಂಡಿಯ ಪಕ್ಕಕ್ಕೆ ಬಾಡಿಗೆಗೆ ಬಂದರು.

ಇಂಥ ನನ್ನ ಪಾಲಿಗೆ ಆ ಸಾಕ್ಷ್ಯಚಿತ್ರ ಬಂದದ್ದು ಆಶ್ಚರ್ಯವೇನಲ್ಲ. ನಮ್ಮ ನಗರಕ್ಕೂ ಬಹುದೂರದ ಇನ್ನೊಂದು ನಗರಕ್ಕೂ ಯಾರೋ ದೊಡ್ಡವರು ಕೂತು ಸ್ನೇಹದ ಒಪ್ಪಂದ ಮಾಡಿಕೊಂಡಿದ್ದರು. ಎಷ್ಟು ದೂರ ಅಂದರೆ, ನಾವು ಹಲ್ಲುಜ್ಜುವಾಗ ಅವರು ಹಾಸಿಗೆ ಕೊಡವುತ್ತಿರುತ್ತಾರೆ. ಎರಡು ಊರಿನ ದಿನನಿತ್ಯದ ಬದುಕನ್ನು ಒಂದೇ ತೆರೆಯ ಮೇಲೆ ಅಕ್ಕಪಕ್ಕ ತೋರಿಸಬೇಕು. ಎಡಗಡೆ ನಾವು, ಬಲಗಡೆ ಅವರು. ಇಲ್ಲಿ ಒಬ್ಬ ತಿಂಡಿ ತಿಂದರೆ ಅಲ್ಲಿ ಒಬ್ಬ ತಿಂಡಿ ತಿನ್ನಬೇಕು. ನೋಡಿದವರು ಕಣ್ಣೊರೆಸಿಕೊಂಡು, ಅಯ್ಯೋ ಅವರೂ ನಮ್ಮ ಹಾಗೇ ಅಲ್ಲವಾ ಅನ್ನಬೇಕು. ಒಪ್ಪಂದದ ಸಾರ ಇಷ್ಟೇ. ಉಳಿದ ನಲವತ್ತು ಪುಟ ಸಹಿಗಳು.

ಮೇಡಂಗೆ ನಾನಿಟ್ಟ ಹೆಸರು ಸಮಸಮ ಮೇಡಂ. ಕುತ್ತಿಗೆಯಲ್ಲಿ ಸದಾ ಒಂದು ಸ್ಟಾಪ್‌ವಾಚ್, ಕೈಯಲ್ಲಿ ಒಂದು ಅಡಿಪಟ್ಟಿ. ಅವರ ಇಬ್ಬರು ಮಕ್ಕಳಿಗೆ ಜ್ವರ ಬಂದರೂ ಒಂದೇ ಡಿಗ್ರಿ ಬರಬೇಕು, ಇಲ್ಲದಿದ್ದರೆ ಡಾಕ್ಟರಿಗೆ ಕಷ್ಟ. ಎಡಗಡೆಯ ಚಿತ್ರ ಬಲಗಡೆಗಿಂತ ಅರ್ಧ ಸೆಕೆಂಡ್ ಉದ್ದವಾದರೂ ಅದು ಪರದೇಶಕ್ಕೆ ಮಾಡಿದ ಅವಮಾನ ಎಂದು ಅವರು ನಂಬಿದ್ದರು. ಮೊದಲು ಎರಡೂ ಊರಿನವರು ಮೂರು ಮೂರು ನಿಮಿಷದ ಪರಿಚಯದ ರೀಲು ಕಳಿಸಿಕೊಳ್ಳಬೇಕಿತ್ತು. ನಮ್ಮದನ್ನು ನಾನು ಒಂದೇ ಬೆಳಗಿನಲ್ಲಿ ತೆಗೆದು ಕೊಟ್ಟೆ. ಮೇಡಂ ಅದನ್ನು ನೋಡಲೂ ಇಲ್ಲ. ಮೇಜಿನ ಮೇಲೆ ಬಿಚ್ಚಿ, ಅಡಿಪಟ್ಟಿಯಿಂದ ಅಳೆದು, ಉದ್ದ ಸರಿಯಾಗಿದೆ ಎಂದು ಡಬ್ಬಕ್ಕೆ ಹಾಕಿ ಅರಗಿನ ಮುದ್ರೆ ಒತ್ತಿದರು. ಅದರಲ್ಲಿ ಏನಿತ್ತು ಎಂಬುದನ್ನು ನಾನೂ ಮರೆತೆ. ನಾನು ತೆಗೆದ ಚಿತ್ರಗಳನ್ನೆಲ್ಲ ನೆನಪಿಟ್ಟುಕೊಳ್ಳಲು ನನಗೆ ಇನ್ನೊಂದು ತಲೆ ಬೇಕು.

ನಾಲ್ಕು ತಿಂಗಳಾದ ಮೇಲೆ ಆ ಊರಿನಿಂದ ದೊಡ್ಡ ಪಾರ್ಸಲ್ ಬಂತು, ಪರಿಚಯದ್ದಲ್ಲ, ಸಾಕ್ಷ್ಯಚಿತ್ರದ್ದೇ ರೀಲು. ಅವರ ಕ್ಯಾಮೆರಾಕ್ಕೆ ಕಿವಿಯೂ ಇತ್ತು. ರೀಲಿನ ಜೊತೆಗೆ ಧ್ವನಿಯ ಟೇಪು ಬೇರೆ. ಆ ಭಾಷೆ ನಮ್ಮಲ್ಲಿ ಯಾರಿಗೂ ಬಾರದಿದ್ದುದರಿಂದ ಮೇಡಂ ಟೇಪನ್ನು ಬೀರುವಿನಲ್ಲಿಟ್ಟು ಬೀಗ ಹಾಕಿದರು. ರೀಲನ್ನು ಗೋಡೆಯ ಮೇಲೆ ಬಿಟ್ಟೆವು.

ಒಂದು ಅಡುಗೆಮನೆ. ಒಬ್ಬ ಗಂಡ, ಒಬ್ಬಳು ಹೆಂಡತಿ, ನಡುವೆ ಮೇಜು. ಗಂಡ ಬೆತ್ತದ ಕುರ್ಚಿ ಹೆಣೆಯುವವನು. ಹಿಂದೆ ಗೋಡೆಗೆ ತೂತು ಬಿದ್ದ ಕುರ್ಚಿಗಳು ಒರಗಿದ್ದವು. ಅವನು ತಲೆಗೆ ಟೋಪಿ ಹಾಕಿಕೊಂಡು ಬ್ರೆಡ್ಡು, ಮೊಟ್ಟೆ ತಿನ್ನುತ್ತಿದ್ದ, ಅವಳು ಎದುರಿಗೆ ಕೂತು ಟೀ ಕುಡಿಯುತ್ತಿದ್ದಳು. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡು ಮಾತಾಡುತ್ತಿದ್ದರು. ಒಂದು ರೀಲು ಅಂದರೆ ಹನ್ನೊಂದು ನಿಮಿಷ. ಎಲ್ಲೂ ಕತ್ತರಿ ಇಲ್ಲ, ಹನ್ನೊಂದು ನಿಮಿಷವೂ ಮಾತು. ಕೊನೆಗೆ ಅವನು ತನ್ನ ಲೋಟ, ಅವಳ ಲೋಟ ಎರಡನ್ನೂ ತೊಳೆದಿಟ್ಟು ಕೈ ಒರೆಸಿಕೊಂಡ.

ಮೇಡಂ ಸ್ಟಾಪ್‌ವಾಚ್ ಒತ್ತಿ, ನಮಗೂ ಒಬ್ಬ ಕುರ್ಚಿ ಹೆಣೆಯುವವನು ಬೇಕು, ಹೆಂಡತಿ ಇರುವವನೇ ಬೇಕು ಎಂದರು. ನಾನು ಎದೆ ತಟ್ಟಿಕೊಂಡು ಎದ್ದು ನಿಂತೆ. ನಮ್ಮ ಭಾವ ಇದ್ದಾರಲ್ಲ.

ಭಾವನ ಕೈಯ ಬಗ್ಗೆ ನಾನು ಹೆಚ್ಚು ಹೇಳಿದರೆ ನೀವು ನಂಬುವುದಿಲ್ಲ, ಆದ್ದರಿಂದ ಕಡಿಮೆ ಹೇಳುತ್ತೇನೆ. ಅವರು ಹೆಣೆದ ಕುರ್ಚಿಯಲ್ಲಿ ಕೂತ ಗುಮಾಸ್ತರು ನಿವೃತ್ತಿಯಾದ ಮೇಲೂ ಏಳುವುದಿಲ್ಲ; ಕುರ್ಚಿ ಸಮೇತ ಮನೆಗೆ ಕಳಿಸಬೇಕಾಗುತ್ತದೆ. ಬೆಳಿಗ್ಗೆ ಬಕೆಟ್ಟಿನಲ್ಲಿ ಬೆತ್ತದ ಸೀಳು ನೆನೆಹಾಕಿ, ಉದ್ದಕ್ಕೆ ಎರಡು ಸಾಲು, ಅಡ್ಡಕ್ಕೆ ಎರಡು ಸಾಲು, ಮೂಲೆಯಿಂದ ಮೂಲೆಗೆ ಎರಡು ಸಾಲು ಎಳೆದರೆಂದರೆ ಜೇನುಗೂಡು ನೋಡಿ ನಾಚಬೇಕು. ಅಕ್ಕ ಅವರ ಹೆಂಡತಿ. ನಾನು ಆ ಮನೆಯ ಹಿಂದಿನ ಕೋಣೆಯಲ್ಲಿದ್ದೇನೆ. ನಾಲ್ಕು ದಿನ ಇದ್ದು ಹೋಗುತ್ತೇನೆಂದು ಬಂದು ಹನ್ನೆರಡು ವರ್ಷವಾಯಿತು, ಅದು ಬೇರೆ ವಿಷಯ.

ಮೇಡಂಗೆ ನಾನು ಹೇಳದೆ ಬಿಟ್ಟದ್ದು ಒಂದೇ ಒಂದು ಸಣ್ಣ ಸಂಗತಿ. ಭಾವ ಅಕ್ಕನ ಹತ್ತಿರ ಮಾತಾಡಿ ಎಂಟು ವರ್ಷವಾಗಿತ್ತು.

ಶುರುವಾದದ್ದು ಹೀಗೆ. ಭಾವ ನಡುಮನೆಯಲ್ಲಿ ಅಡ್ಡಾದಿಡ್ಡಿ ಇಟ್ಟ ಒಂದು ಕುರ್ಚಿಗೆ ಅಕ್ಕ ಎಡವಿ ಬಿದ್ದಳು, ಮೊಣಕಾಲು ಊದಿತು. ಭಾವ ಓಡಿಬಂದು ಮೊದಲು ಕುರ್ಚಿಯ ಕಾಲು ಮುರಿದಿದೆಯಾ ನೋಡಿದರು. ಅಕ್ಕ ಅಡುಗೆಮನೆಯಲ್ಲಿ ನಿಂತು, ನಿಮ್ಮ ಹತ್ತಿರ ಮಾತಾಡುವುದೂ ಒಂದೇ ಈ ಫ್ರಿಜ್ಜಿನ ಹತ್ತಿರ ಮಾತಾಡುವುದೂ ಒಂದೇ ಎಂದಳು. ಭಾವ ಹೇಳಿದ ಮಾತನ್ನು ಹೇಳಿದ ಹಾಗೇ ತೆಗೆದುಕೊಳ್ಳುವ ಮನುಷ್ಯ. ಮಾರನೆಯ ಬೆಳಿಗ್ಗೆ ಬಂದು ಫ್ರಿಜ್ಜಿನ ಮುಂದೆ ನಿಂತು, ತಿಂಡಿ ಆಯಿತಾ ಅಂತ ಅವಳನ್ನು ಕೇಳು ಎಂದರು. ಅಕ್ಕನೂ ಬಿಟ್ಟುಕೊಡುವವಳಲ್ಲ. ಆಗಿದೆ, ಬಂದು ತಿನ್ನಬೇಕಂತೆ ಅಂತ ಅವರಿಗೆ ಹೇಳು ಎಂದಳು, ಫ್ರಿಜ್ಜಿಗೆ.

ಅಂದಿನಿಂದ ಸಂಸಾರ ಪೂರ್ತಿ ಫ್ರಿಜ್ಜಿನ ಮೂಲಕ. ಸೊಪ್ಪು ತರಬೇಕಾದರೆ ಫ್ರಿಜ್ಜಿಗೆ, ನೆಂಟರು ಬರುತ್ತಾರೆಂದರೆ ಫ್ರಿಜ್ಜಿಗೆ, ಜಗಳವಾದರೂ ಫ್ರಿಜ್ಜಿಗೆ. ಆ ಬಡಪಾಯಿ ಎಡಬಲ ಎರಡೂ ಕಡೆಯಿಂದ ಬೈಸಿಕೊಂಡು ಗೊರಗೊರ ಅನ್ನುತ್ತಿತ್ತು. ಒಮ್ಮೆ ಅದು ಕೆಟ್ಟು ಮೆಕ್ಯಾನಿಕ್ ನಾಲ್ಕು ದಿನ ಒಯ್ದಿಟ್ಟುಕೊಂಡ. ಆ ನಾಲ್ಕು ದಿನ ಮನೆಯಲ್ಲಿ ಎಂಥ ಮೌನವೆಂದರೆ, ಪಕ್ಕದ ಮನೆಯವರು ಯಾರೋ ತೀರಿಕೊಂಡಿದ್ದಾರೆಂದು ಬಂದು, ಅರ್ಧ ಗಂಟೆ ತಲೆ ತಗ್ಗಿಸಿ ಕೂತು ಎದ್ದುಹೋದರು.

ಪಾರ್ಸಲ್ ಬರುವ ಹಿಂದಿನ ದಿನವಷ್ಟೇ ಅಕ್ಕ ನನ್ನನ್ನು ಹಿತ್ತಲಿಗೆ ಕರೆದು ಹೇಳಿದ್ದಳು.

“ಒಂದನೇ ತಾರೀಖಿಗೆ ಚಿಕ್ಕಮ್ಮನ ಊರಿಗೆ ಹೋಗ್ತಿದ್ದೀನಿ ಕಣೋ. ಅವಳ ಹೊಲಿಗೆ ಅಂಗಡೀಲಿ ಗುಂಡಿ ಹಾಕೋಕೆ ಜನ ಬೇಕಂತೆ.”

“ಎಷ್ಟು ದಿನಕ್ಕೆ?”

“ದಿನದ ಲೆಕ್ಕ ಅಲ್ಲ. ಫ್ರಿಜ್ಜಿನ ಸೊಸೆಯಾಗಿ ಬಾಳಿದ್ದು ಸಾಕು.”

ಅಕ್ಕ ಹೋದರೆ ಅಡುಗೆ ಯಾರು ಮಾಡುತ್ತಾರೆ ಎಂಬ ಯೋಚನೆ ನನಗೆ ಬಂದದ್ದು ಎರಡನೆಯದಾಗಿ. ಮೊದಲನೆಯದಾಗಿ ಏನು ಬಂತು ಎಂಬುದು ಈಗ ನೆನಪಿಲ್ಲ, ಆದರೆ ಅದು ಬಹಳ ಉದಾತ್ತವಾಗಿತ್ತು.

ಚಿತ್ರದ ವಿಷಯ ಹೇಳಿದಾಗ ಅಕ್ಕ, ಹೇಗೂ ಹೋಗುವವಳು, ಒಂದು ದಿನ ಕೂತು ಹೋಗುತ್ತೇನೆ ಎಂದಳು. ಭಾವ ಇದು ಕೆಲಸವೋ ಆಟವೋ ಎಂದು ಕೇಳಿದರು. ನಗರಸಭೆಯ ಕೆಲಸ ಎಂದೆ. ಕೆಲಸವಾದರೆ ಸರಿ ಎಂದರು.

ಚಿತ್ರೀಕರಣದ ಬೆಳಿಗ್ಗೆ ಮೇಡಂ ಅಡುಗೆಮನೆಗೆ ಕಾಲಿಟ್ಟವರೇ ಅಡಿಪಟ್ಟಿ ಹೊರತೆಗೆದರು. ಆ ಊರಿನ ಅಡುಗೆಮನೆಯಲ್ಲಿ ಮೇಜಿನ ಬಲಕ್ಕೆ ಕಿಟಕಿ ಇದೆ, ನಿಮ್ಮಲ್ಲಿ ಇದೇನು ಎಂದರು. ಅದೇ ಫ್ರಿಜ್ಜು. ನಾಲ್ಕು ಜನ ನಗರಸಭೆಯ ಆಳುಗಳು ಬಂದು ಅದನ್ನು ಎತ್ತಿ ಹಜಾರಕ್ಕೆ ಒಯ್ದರು. ಮನೆಯ ಯಜಮಾನನನ್ನು ಮಂಚದ ಸಮೇತ ಹೊರಗೆ ಹಾಕಿದಂತಿತ್ತು. ಭಾವನ ಮುಖ ಹರಳೆಣ್ಣೆ ಕುಡಿದವರ ಹಾಗಾಯಿತು. ಅಕ್ಕ ಖಾಲಿ ಜಾಗದಲ್ಲಿ ಸಿಕ್ಕ ಎಂಟು ವರ್ಷದ ಧೂಳು ಗುಡಿಸಿ ಬಂದು ಕೂತಳು.

ದೀಪ ಹೊತ್ತಿಸಿದೆ. ನನ್ನ ಕ್ಯಾಮೆರಾ ಹಿಟ್ಟಿನ ಗಿರಣಿಯ ಹಾಗೆ ಶಬ್ದ ಮಾಡುತ್ತ ತಿರುಗಿತು. ಭಾವ ಬ್ರೆಡ್ಡು ಮುರಿದರು. ಬಲಕ್ಕೆ ತಿರುಗಿ ಫ್ರಿಜ್ಜಿಲ್ಲದ ಗೋಡೆ ನೋಡಿದರು. ಒಂದು ನಿಮಿಷವಾಯಿತು, ಎರಡಾಯಿತು. ಜಪ್ಪಯ್ಯ ಅಂದರೂ ಬಾಯಿ ಬಿಡಲಿಲ್ಲ.

ಮೇಡಂ ಸ್ಟಾಪ್‌ವಾಚ್ ನಿಲ್ಲಿಸಿ, “ಏನ್ರೀ, ಇವರು ಮಾತಾಡಲ್ವಾ?” ಎಂದರು.

ನಮ್ಮ ಕ್ಯಾಮೆರಾಕ್ಕೆ ಕಿವಿ ಇಲ್ಲ ಮೇಡಂ, ತುಟಿ ಆಡಿದರೆ ಸಾಕು ಎಂದೆ ನಾನು. ಇಂಥ ಉಪಾಯಗಳು ನನಗೆ ಉಸಿರಾಡುವಷ್ಟು ಸುಲಭ. ಭಾವನ ಕಿವಿಯಲ್ಲಿ, ಏನೂ ಹೇಳಬೇಡಿ, ಕುರ್ಚಿಯ ತೂತು ಎಣಿಸಿ ಎಂದೆ.

ಭಾವ ಅಕ್ಕನ ಮುಖ ನೋಡಿಕೊಂಡು ಎಣಿಸತೊಡಗಿದರು. ಒಂದು, ಎರಡು, ಮೂರು, ಮೂಲೆ ಬಿಟ್ಟು ನಾಲ್ಕು. ಅಕ್ಕ ಸುಮ್ಮನಿರುವಂತಿರಲಿಲ್ಲ, ಅವಳ ತುಟಿಯೂ ಆಡಬೇಕು. ಅವಳು ಚಿಕ್ಕಮ್ಮನ ಊರಿನ ಬಸ್ಸು ನಿಲ್ಲುವ ಜಾಗಗಳನ್ನು ಒಂದೊಂದಾಗಿ ಹೇಳತೊಡಗಿದಳು. ಸೇತುವೆ, ಸಕ್ಕರೆ ಕಾರ್ಖಾನೆ, ರೈಲ್ವೆ ಗೇಟು, ಜೈಲು. ಮೇಡಂಗೆ ಬಹಳ ಸಂತೋಷವಾಯಿತು. ಕನ್ನಡಿಯಲ್ಲಿ ನೋಡಿದ ಹಾಗೇ ಇದೆ ಎಂದರು. ಇಬ್ಬರೂ ತಮ್ಮ ತಮ್ಮ ದಾರಿಯಲ್ಲಿ ಸಾಗಿದರು, ಒಬ್ಬರು ಮೂವತ್ತಾರನೇ ತೂತಿಗೆ, ಒಬ್ಬಳು ಜವಳಿ ಮಿಲ್ಲಿಗೆ. ಭಾವ ಥಟ್ಟನೆ ಅಗಿಯುವುದನ್ನು ನಿಲ್ಲಿಸಿದರು.

“ಮಿಲ್ ಹತ್ರ ಈಗ ಬಸ್ ನಿಲ್ಲಲ್ಲ. ಆಸ್ಪತ್ರೆ ಹತ್ರಾನೇ ಇಳಿಬೇಕು.”

ಅಕ್ಕ ಕೈಯಲ್ಲಿದ್ದ ಲೋಟ ಹಾಗೇ ಹಿಡಿದು ಕೂತಳು. ನಾನು ಕ್ಯಾಮೆರಾ ನಿಲ್ಲಿಸದೆ ತಿರುಗಿಸುತ್ತಲೇ ಇದ್ದೆ. ಭೂಕಂಪದಲ್ಲೂ ನಡುಗದ ಕೈ ಇದು.

“ಆಸ್ಪತ್ರೆಯಿಂದ ಎಷ್ಟು ದೂರ?” ಎಂದಳು.

“ನಿನ್ನ ಮೊಣಕಾಲಿಗೆ ದೂರಾನೇ.”

ಅಷ್ಟರಲ್ಲಿ ರೀಲು ಮುಗಿಯಿತು. ಭಾವ ಎರಡೂ ಲೋಟ ತೊಳೆದಿಟ್ಟರು, ಒಪ್ಪಂದದ ಪ್ರಕಾರ. ನಾನು ದೀಪ ಆರಿಸಿದೆ. ಭಾವ ಸೀದಾ ಹಜಾರಕ್ಕೆ ನಡೆದು, ಅಲ್ಲಿ ತಂತಿ ಬಿಚ್ಚಿಸಿಕೊಂಡು ಅನಾಥವಾಗಿ ನಿಂತಿದ್ದ ಫ್ರಿಜ್ಜಿಗೆ, ಟೀ ತಣ್ಣಗಿತ್ತು ಅಂತ ಅವಳಿಗೆ ಹೇಳು ಎಂದರು.

ಸಂಜೆ ಅಕ್ಕ ನನಗೆ ತನ್ನ ನಿರ್ಧಾರ ಹೇಳಿದಳು. ದೀಪ ಹೊತ್ತಿದಾಗ ಆಡಿದ್ದು ನಗರಸಭೆಯ ಮಾತು, ಅದನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ. “ಲೈಟ್ ಆರಿದ ಮೇಲೆ ಒಂದು ಮಾತು ನನ್ನ ಹತ್ರ ಆಡ್ಲಿ. ಒಂದೇ ಒಂದು. ನೀನು ಹೇಳಿಕೊಡೋ ಹಾಗಿಲ್ಲ. ಚಿತ್ರ ಮುಗಿಯೋ ತನಕ ಕಾಯ್ತೀನಿ, ಆಮೇಲೆ ಬಸ್ಸು.”

ನಾನು ಹೇಳಿಕೊಡಲಿಲ್ಲ. ಬರೀ ಭಾವನ ಮುಂದೆ ಹೋಗಿ, ದೀಪವಿಲ್ಲದೆ ಮಾತಾಡಿದರೆ ನಾಲಿಗೆ ಸವೆದು ಹೋಗುತ್ತದೆಯೇ ಎಂದು ಕೇಳಿದೆ. ಭಾವ ಬೆತ್ತ ಎಳೆಯುತ್ತ, ಲೈಟ್ ಇದ್ದರೆ ಅದು ಕೆಲಸ, ಕೆಲಸದ ಮೇಲೆ ನಾನು ಏನು ಬೇಕಾದರೂ ಮಾಡುತ್ತೇನೆ. ಲೈಟ್ ಇಲ್ಲದೆ ಮಾತಾಡಿದರೆ ನಾನೇ ಮೊದಲು ಸೋತ ಹಾಗಾಯಿತಲ್ಲ ಎಂದರು. ಇದಕ್ಕೆ ನಾನು ಕೊಡಬಹುದಾಗಿದ್ದ ಉತ್ತರ ಎಂಥದೆಂದರೆ ಕೇಳಿದ್ದರೆ ಭಾವ ಅಲ್ಲೇ ಕಣ್ಣೀರಾಗುತ್ತಿದ್ದರು. ದುರದೃಷ್ಟಕ್ಕೆ ಅದು ನನಗೆ ಹೊಳೆದದ್ದು ಮೂರು ತಿಂಗಳ ನಂತರ.

ನಮ್ಮ ರೀಲು ಆ ಊರಿಗೆ ಹೋಯಿತು. ಇಲ್ಲಿಗೆ ಮುಗಿಯಬೇಕಾಗಿತ್ತು. ಆದರೆ ಆ ಊರಿನಲ್ಲೂ ಒಬ್ಬ ಸಮಸಮ ಇದ್ದನೆಂದು ಕಾಣುತ್ತದೆ. ಮೂರು ವಾರಕ್ಕೆ ಅವರಿಂದ ಹೊಸ ರೀಲು ಬಂತು. ನಮ್ಮದರ ಹಾಗೆ ಇರಲಿ ಎಂದು ಅವರು ತಮ್ಮದನ್ನು ಮತ್ತೆ ತೆಗೆದಿದ್ದರು. ನಮ್ಮ ರೀಲಿನಲ್ಲಿ ಭಾವ ಅಗಿಯುತ್ತ ಒಮ್ಮೆ ಎಡಗಿವಿ ಕೆರೆದುಕೊಂಡಿದ್ದರು, ಅಲ್ಲಿಯವನೂ ಎಡಗಿವಿ ಕೆರೆದುಕೊಂಡ. ಮೊದಲು ಟೋಪಿ ಹಾಕಿದ್ದವನು ಈಗ ಭಾವನ ಹಾಗೆ ಬರಿತಲೆಯಲ್ಲಿ ಕೂತಿದ್ದ. ಅಷ್ಟರಲ್ಲಿ ಮೇಡಂ ಅವರ ಮೊದಲ ರೀಲಿನಂತೆ ಇರಲಿ ಎಂದು ಭಾವನಿಗೆ ಟೋಪಿ ಹಾಕಿಸಿ, ಎಡಗಿವಿ ಕೆರೆಯದಂತೆ ಕೈ ಮೇಜಿಗೆ ಒತ್ತಿಸಿ ಮತ್ತೆ ತೆಗೆಸಿ ಕಳಿಸಿ ಆಗಿತ್ತು. ಎರಡೂ ಪಾರ್ಸಲ್‌ಗಳು ದಾರಿಯಲ್ಲಿ ಎಲ್ಲೋ ಒಂದನ್ನೊಂದು ದಾಟಿ ಹೋಗಿದ್ದವು. ಈಗ ಎಡಗಡೆಯವನ ತಲೆಯಲ್ಲಿ ಟೋಪಿ, ಬಲಗಡೆಯವನ ತಲೆ ಖಾಲಿ. ಮೇಡಂ ಎರಡು ದಿನ ರಜೆ ಹಾಕಿದರು.

ಹೀಗೆ ಐದು ಸುತ್ತು ನಡೆಯಿತು. ಅವರ ಕಿಟಕಿಯಲ್ಲಿ ಬೆಕ್ಕು ಕೂತಿತೆಂದು ನಾವು ಬೆಕ್ಕು ತಂದೆವು. ನಮ್ಮ ಬೆಕ್ಕು ಮೇಜಿಗೆ ಹಾರಿ ಬ್ರೆಡ್ಡು ಕಚ್ಚಿಕೊಂಡು ಓಡಿತೆಂದು ಅವರು ತಮ್ಮ ಬೆಕ್ಕಿಗೆ ಓಡುವುದನ್ನು ಕಲಿಸಿದರು. ಭಾವ ಒಮ್ಮೆ ಸೀನಿದರು. ಮುಂದಿನ ಪಾರ್ಸಲ್‌ನಲ್ಲಿ ಆ ಪರದೇಶದ ಮನುಷ್ಯ ಸರಿಯಾಗಿ ಏಳನೇ ನಿಮಿಷಕ್ಕೆ ಸೀನಿದ. ಮೂಗಿಗೆ ಮೆಣಸಿನ ಪುಡಿ ಹಾಕಿದ್ದು ಕಾಣುತ್ತಿತ್ತು. ಅಡುಗೆಮನೆಯ ಹುಚ್ಚು ಬೀದಿಗೂ ಹಬ್ಬಿತು. ಆ ಊರಿನವರು ಬಸ್ಸಿಗೆ ಪೇಪರ್ ಓದುತ್ತ ಸಾಲಾಗಿ ನಿಲ್ಲುತ್ತಾರೆಂದು ನಮ್ಮ ಊರಿನ ಇಪ್ಪತ್ತು ಲಕ್ಷ ಜನರ ಕೈಗೆ ನಾನೇ ಪೇಪರ್ ಹಂಚಿದೆ. ಅದೇ ಹೊತ್ತಿಗೆ ಅಲ್ಲಿ ಪೇಪರ್ ಬಿಸಾಕಿ, ನಮ್ಮ ಹಾಗೆ ಬಸ್ಸಿನ ಕಿಟಕಿಯಿಂದ ಕರ್ಚೀಫು ಹಾಕಿ ಸೀಟು ಹಿಡಿಯುವುದನ್ನು ಅಭ್ಯಾಸ ಮಾಡುತ್ತಿದ್ದರು. ಐದನೇ ಸುತ್ತಿನ ಹೊತ್ತಿಗೆ ದಿನನಿತ್ಯದ ಬದುಕು ಎಂದರೆ ಏನಿತ್ತು ಎಂಬುದು ಎರಡೂ ಊರಿನಲ್ಲಿ ಯಾರಿಗೂ ಜ್ಞಾಪಕವಿರಲಿಲ್ಲ.

ನನಗೆ ಅದು ಬೇಕಾಗಿತ್ತು. ಸುತ್ತು ಮುಗಿದರೆ ಅಕ್ಕ ಹೊರಡುತ್ತಾಳೆ. ಆದ್ದರಿಂದ ಜೀವನದಲ್ಲಿ ಎಂದೂ ತಪ್ಪು ಮಾಡದ ನಾನು ಬೇಕೆಂದೇ ಏಳು ತಪ್ಪು ಮಾಡಿದೆ. ಒಮ್ಮೆ ಲೆನ್ಸಿನ ಮುಚ್ಚಳ ತೆಗೆಯಲಿಲ್ಲ. ಒಮ್ಮೆ ರೀಲನ್ನು ಬೆಳಕಿಗೆ ಹಿಡಿದೆ. ಒಮ್ಮೆ ಕ್ಯಾಮೆರಾದೊಳಗೆ ರೀಲೇ ಇರಲಿಲ್ಲ. ಇದೊಂದು ಮಾತ್ರ ಬೇಕೆಂದು ಮಾಡಿದ್ದಲ್ಲ, ಆದರೂ ಲೆಕ್ಕಕ್ಕೆ ಸೇರಿಸಿಕೊಂಡಿದ್ದೇನೆ. ಪ್ರತಿ ಸಲವೂ ಅಕ್ಕ ಬಸ್ಸಿನ ಟಿಕೆಟ್ ಮುಂದಕ್ಕೆ ಹಾಕಿಸಿದಳು.

ದೀಪದ ಕೆಳಗೆ ಮಾತು ಬೆಳೆಯುತ್ತಿತ್ತು. ತೂತು ಎಣಿಸುವುದನ್ನು ಭಾವ ಎರಡನೇ ಸುತ್ತಿನಲ್ಲೇ ಬಿಟ್ಟಿದ್ದರು. ಡಾಕ್ಟರ ಆರು ಕುರ್ಚಿ ಬಂದಿವೆ, ಡಾಕ್ಟರು ನಿನ್ನ ಮೊಣಕಾಲು ಹೇಗಿದೆ ಅಂತ ಕೇಳಿದರು ಎಂದರು. ಅಕ್ಕ, ಎಂಟು ವರ್ಷ ಕೇಳದೆ ಇದ್ದವರು ಡಾಕ್ಟರ ಹೆಸರಿನಲ್ಲಿ ಕೇಳುತ್ತಿದ್ದಾರೆ ಎಂದಳು, ಆದರೆ ನಗುತ್ತ ಅಂದಳು. ಆಮೇಲಾಮೇಲೆ ಇಬ್ಬರೂ ನನ್ನನ್ನು ಆಡಿಕೊಳ್ಳತೊಡಗಿದರು, ನಾನು ಎಷ್ಟು ಬ್ರೆಡ್ಡು ತಿನ್ನುತ್ತೇನೆ ಎಂದು, ನನ್ನ ಎದುರಿಗೇ, ನಾನು ಕ್ಯಾಮೆರಾ ಬಿಟ್ಟು ಬರುವಂತಿಲ್ಲ ಎಂಬ ಧೈರ್ಯದಲ್ಲಿ. ಹನ್ನೊಂದು ನಿಮಿಷವಾದ ಕೂಡಲೇ ದೀಪ ಆರುತ್ತಿತ್ತು, ಭಾವ ಎದ್ದು ಹಜಾರಕ್ಕೆ ಹೋಗುತ್ತಿದ್ದರು. ಅಕ್ಕ ಮೇಜು ಒರೆಸುವಾಗ ಅವಳ ಮುಖ ನೋಡಲು ನನ್ನಂಥ ಗಟ್ಟಿಗನಿಗೂ ಆಗುತ್ತಿರಲಿಲ್ಲ.

ಕೊನೆಗೆ ಮೇಲಿನವರಿಂದ ಪತ್ರ ಬಂತು. ಇನ್ನು ಒಂದೇ ಒಂದು ರೀಲು ಸಿಗುತ್ತದೆ, ಅದು ಹೇಗೆ ಬಂದರೂ ಅದೇ ಕೊನೆ. ಅಕ್ಕ ಅದೇ ದಿನದ ಹನ್ನೆರಡೂವರೆಯ ಬಸ್ಸಿಗೆ ಟಿಕೆಟ್ ತೆಗೆಸಿ, ಬಟ್ಟೆ ಕಟ್ಟಿಟ್ಟಳು.

ಆ ಬೆಳಿಗ್ಗೆ ಮೇಡಂ ಒಬ್ಬ ಮುದುಕನನ್ನು ಕರೆದುಕೊಂಡು ಬಂದರು. ನಲವತ್ತು ವರ್ಷ ಹಡಗಿನಲ್ಲಿ ಅಡುಗೆ ಮಾಡಿದವನು. ಆ ಊರಿನ ಭಾಷೆ ಅವನಿಗೆ ಬರುತ್ತಿತ್ತು. ಚಿತ್ರಕ್ಕೆ ವಿವರಣೆ ಬರೆಯಬೇಕಾದ್ದರಿಂದ ಬೀರುವಿನ ಟೇಪುಗಳಿಗೆ ಕೊನೆಗೂ ಬಿಡುಗಡೆಯಾಗಿತ್ತು. ಮೊದಲು ನಮ್ಮ ಕೊನೆಯ ರೀಲು ತೆಗೆದು ಮುಗಿಸಿದೆವು. ಅದರಲ್ಲಿ ಭಾವ, ಅಕ್ಕ ಇಬ್ಬರೂ ಹೆಚ್ಚು ಮಾತಾಡಲಿಲ್ಲ. ಭಾವ ಲೋಟ ತೊಳೆದರು, ನಾನು ದೀಪ ಆರಿಸಿದೆ. ಎಲ್ಲರೂ ಅಲ್ಲೇ ಮೇಜಿನ ಸುತ್ತ ಕೂತೆವು, ಹಡಗಿನ ಅಡುಗೆಯವನು ಮೊದಲ ಟೇಪು ಹಾಕಿದ.

ಸ್ವಲ್ಪ ಹೊತ್ತು ಕೇಳಿ ಅವನು ಹುಬ್ಬು ಗಂಟಿಕ್ಕಿದ. ಗಂಡ ಏನೋ ಎಣಿಸುತ್ತಿದ್ದಾನೆ, ಹನ್ನೆರಡು, ಹದಿಮೂರು, ಹದಿನಾಲ್ಕು; ಹೆಂಡತಿ ಒಗೆಯಬೇಕಾದ ಬಟ್ಟೆ ಹೇಳುತ್ತಿದ್ದಾಳೆ, ಎರಡು ಅಂಗಿ, ಒಂದು ಮೇಜಿನ ಬಟ್ಟೆ ಎಂದ. ಮೇಡಂ ಟೇಪು ಕೆಟ್ಟಿರಬೇಕು ಎಂದರು. ಅವನು ಕೈ ಎತ್ತಿ ಸುಮ್ಮನಿರಿಸಿ ಮುಂದಿನದನ್ನು ಹೇಳಿದ. ನಮ್ಮನ್ನು ಯಾಕೆ ಹೀಗೆ ಎದುರುಬದುರು ಕೂರಿಸಿದ್ದಾರೆ ಎಂದು ಹೆಂಡತಿ ಕೇಳುತ್ತಾಳೆ. ಆ ದೂರದ ಊರಿನಲ್ಲಿ ಒಬ್ಬ ಕುರ್ಚಿ ಹೆಣೆಯುವವನು ದಿನಾ ಬೆಳಿಗ್ಗೆ ಹೆಂಡತಿಯ ಮುಖ ನೋಡಿಕೊಂಡು ಎಷ್ಟು ಚೆನ್ನಾಗಿ ಮಾತಾಡುತ್ತಾನಂತೆ, ಮೂರು ನಿಮಿಷದ ರೀಲು ಕಳಿಸಿದ್ದಾರಂತೆ, ಅದಕ್ಕೇ ನಮ್ಮಂಥವರನ್ನು ಹುಡುಕಿದ್ದು ಎಂದು ಗಂಡ ಹೇಳುತ್ತಾನೆ.

ಎಲ್ಲರೂ ನನ್ನ ಕಡೆ ತಿರುಗಿದರು.

ಆಗ ನನಗೆ ನೆನಪಾಯಿತು. ಪರಿಚಯದ ರೀಲಿಗೆ ಊರೆಲ್ಲ ಅಲೆಯುವುದೇಕೆಂದು ನಾನು ಮನೆಯಲ್ಲೇ ತೆಗೆದಿದ್ದೆ, ಮೊದಲು ಭಾವ ಕುರ್ಚಿ ಹೆಣೆಯುವುದು, ಆಮೇಲೆ ಅಡುಗೆಮನೆ. ಭಾವ ಫ್ರಿಜ್ಜಿನ ಎಡಕ್ಕೆ ನಿಂತು ಅದಕ್ಕೆ ಹೇಳುತ್ತಿದ್ದರು, ಅಕ್ಕ ಬಲಕ್ಕೆ ನಿಂತು ಅದಕ್ಕೇ ಹೇಳುತ್ತಿದ್ದಳು. ಮುಖಗಳನ್ನು ಒಂದೊಂದಾಗಿ ಹತ್ತಿರದಿಂದ ಹಿಡಿದೆ. ಫ್ರಿಜ್ಜು ತೆರೆಯ ಮೇಲೆ ಚೆನ್ನಾಗಿ ಕಾಣುವುದಿಲ್ಲವೆಂದು ಕತ್ತರಿಸಿ ಬಿಸಾಕಿದೆ. ಬಲಕ್ಕೆ ನೋಡುವ ಒಂದು ಮುಖ, ಎಡಕ್ಕೆ ನೋಡುವ ಒಂದು ಮುಖ. ಒಂದರ ಬೆನ್ನಿಗೆ ಒಂದು ಅಂಟಿಸಿದರೆ ಲೋಕದಲ್ಲೇ ಇಲ್ಲದಂಥ ಅನ್ಯೋನ್ಯ ದಂಪತಿ. ಇಷ್ಟು ದೂರದ ಎರಡು ಊರುಗಳನ್ನು ಎಂಟು ತಿಂಗಳು ಕುಣಿಸಿದ ಕತ್ತರಿ ಲೋಕದಲ್ಲಿ ಇನ್ನೊಂದಿಲ್ಲ ಎಂದು ಹೆಮ್ಮೆಯಿಂದ ಹೇಳಬೇಕೆಂದುಕೊಂಡೆ. ಅಕ್ಕನ ಮುಖ ನೋಡಿ ಹೇಳಲಿಲ್ಲ.

ಹಡಗಿನವನು ಕೊನೆಯ ಟೇಪು ಹಾಕಿದ. ಅದರಲ್ಲಿ ಹೆಂಡತಿಯ ಧ್ವನಿ ಮಾತ್ರವಿತ್ತು, ಮೈಕಿಗೆ ಬಾಯಿ ಹತ್ತಿರ ತಂದು ಹೇಳಿದ ಹಾಗೆ. ಅವನು ಒಂದೊಂದೇ ಮಾತು ನಿಲ್ಲಿಸಿ ಹೇಳಿದ.

“ಆ ಊರಿನ ತಾಯಿ ಏನು ಮಾತಾಡ್ತಾರೆ ಅಂತ ನಮಗೆ ಕೇಳಿಸಲ್ಲ, ತುಟಿ ಮಾತ್ರ ಕಾಣುತ್ತೆ. ನಾಳೆಯಿಂದ ಕ್ಯಾಮೆರಾ ಬರಲ್ಲ. ಅದು ಬರದೇ ಇದ್ರೆ ನಮ್ಮನೇಲಿ ಮಾತು ನಿಂತು ಹೋಗುತ್ತೆ. ಬೆಳಿಗ್ಗೆ ಏನು ಹೇಳಿ ಶುರು ಮಾಡ್ತೀರಿ ಅಂತ ಬರೆದು ಕಳಿಸಿ. ಅದನ್ನೇ ನಾನೂ ಹೇಳ್ತೀನಿ.”

ಟೇಪು ಖಾಲಿ ತಿರುಗಿತು. ಮೇಡಂ ಸ್ಟಾಪ್‌ವಾಚನ್ನು ಕುತ್ತಿಗೆಯಿಂದ ತೆಗೆದು ಚೀಲಕ್ಕೆ ಹಾಕಿದರು. ಚಿತ್ರ ಮುಗಿಯಿತು, ಎಲ್ಲರಿಗೂ ವಂದನೆಗಳು ಎಂದರು. ಅಕ್ಕ ಎದ್ದು ಮೇಜು ಒರೆಸಿ, ಗಡಿಯಾರ ನೋಡಿ, ಬಟ್ಟೆಯ ಗಂಟು ಎತ್ತಿಕೊಂಡಳು. ಹತ್ತೂಕಾಲು. ಬಸ್ಸು ನಿಲ್ದಾಣಕ್ಕೆ ಅವಳ ಮೊಣಕಾಲಿಗೆ ಮುಕ್ಕಾಲು ಗಂಟೆ.

ಭಾವ ಎದ್ದರು. ಹಜಾರಕ್ಕೆ ಹೋಗುತ್ತಾರೆಂದುಕೊಂಡೆ. ಅವರು ನನ್ನ ದೀಪದ ಹತ್ತಿರ ಬಂದು, ಅದು ನಿಜವಾಗಿಯೂ ಆರಿದೆಯೇ ಎಂದು ಬೆರಳಿನಿಂದ ಮುಟ್ಟಿ ನೋಡಿದರು. ಆರಿತ್ತು, ಆದರೆ ಕಾದಿತ್ತು. ಬೆರಳು ಬಾಯಿಗಿಟ್ಟುಕೊಂಡರು. ಆಮೇಲೆ ಬೆರಳು ಹೊರತೆಗೆದು ಅಕ್ಕನ ಕಡೆ ತಿರುಗಿದರು.

“ಆಯಮ್ಮನಿಗೆ ಏನಂತ ಬರೀತೀಯ?”

ಅಕ್ಕ ಬಾಗಿಲಲ್ಲಿ ನಿಂತಳು. “ಯಾರನ್ನ ಕೇಳ್ತಿದ್ದೀರಿ?”

“ನಿನ್ನನ್ನೇ. ಇಲ್ಲಿ ಇನ್ಯಾರಿದ್ದಾರೆ?”

ನಾನಿದ್ದೆ, ಮೇಡಂ ಇದ್ದರು, ಹಡಗಿನ ಅಡುಗೆಯವನಿದ್ದ. ಆದರೆ ಸಂದರ್ಭ ನೋಡಿ ಯಾರೂ ತಕರಾರು ಮಾಡಲಿಲ್ಲ. ನನ್ನ ಕೈ ತಾನಾಗಿಯೇ ಕ್ಯಾಮೆರಾದ ಗುಂಡಿಗೆ ಹೋಯಿತು. ಒಳಗೆ ಒಂದು ಅಡಿ ಫಿಲ್ಮೂ ಉಳಿದಿರಲಿಲ್ಲ. ನಾನು ತೆಗೆಯದೆ ಬಿಟ್ಟ ಆ ದೃಶ್ಯ ನಾನು ತೆಗೆದ ಎಲ್ಲ ದೃಶ್ಯಗಳಿಗಿಂತ ಚೆನ್ನಾಗಿತ್ತು. ಇದನ್ನು ನಾನು ಒಪ್ಪಿಕೊಳ್ಳುತ್ತಿರುವುದು ಇದೇ ಮೊದಲು.

ಅಕ್ಕ ಗಂಟು ಕೆಳಗಿಡಲಿಲ್ಲ. ಏನು ಬರೆಯುವುದು, ಎಂಟು ವರ್ಷ ಗಂಡ ಎಂಬ ಮನುಷ್ಯ ಹೀಗೆ ಹೀಗೆ ಮಾಡಿದ ಅಂತ ಬರೆಯಬೇಕು ಎಂದಳು. ಅದೇನು ಹೀಗೆ ಹೀಗೆ, ಅಂದಿದ್ದು ನೀನು, ನಾನು ಕೇಳಿದ್ದು ಅಷ್ಟೇ ಎಂದರು ಭಾವ. ಅಲ್ಲಿಂದ ಶುರುವಾಯಿತು ನೋಡಿ. ಅಂಥ ಜಗಳವನ್ನು ನಾನು ಜನ್ಮದಲ್ಲಿ ನೋಡಿಲ್ಲ. ಎಂಟು ವರ್ಷ ಕೂಡಿಟ್ಟ ಮಾತು ಇಬ್ಬರಿಂದಲೂ ಒಟ್ಟಿಗೇ ಹೊರಟಿತು. ಯಾವ ಮಾತು ಯಾರದೆಂದು ತಿಳಿಯದೆ ಹಡಗಿನವನು ಅಭ್ಯಾಸಬಲದಿಂದ ಅನುವಾದಿಸಲು ಹೋಗಿ ಇಬ್ಬರಿಂದಲೂ ಬೈಸಿಕೊಂಡ. ಜಗಳದ ನಡುವೆ ಅಕ್ಕನ ಮೊಣಕಾಲು ನೋಯತೊಡಗಿ ಅವಳು ಕೂತಳು. ಗಂಟು ಮಡಿಲಲ್ಲೇ ಇತ್ತು. ಭಾವ ಅಂಗಡಿಯ ಬಿಲ್ಲಿನ ಪುಸ್ತಕದಿಂದ ಒಂದು ಹಾಳೆ ಹರಿದು, ಪೆನ್ನು ಹಿಡಿದು ಎದುರಿಗೆ ಕೂತರು.

ಮೇಡಂ ಮೆಲ್ಲಗೆ ನನ್ನನ್ನು ಕೇಳಿದರು, ಇದು ಎಷ್ಟು ನಿಮಿಷ ನಡೆಯುತ್ತದೆ ಎಂದು. ನನಗೆ ಗೊತ್ತಿಲ್ಲ ಎಂದೆ. ಅವರು ಸ್ಟಾಪ್‌ವಾಚ್ ಚೀಲದಿಂದ ತೆಗೆಯಲು ಹೋಗಿ, ಮತ್ತೆ ಒಳಗೇ ಬಿಟ್ಟರು.

ಬಸ್ಸು ಹನ್ನೆರಡೂವರೆಗೆ ಹೊರಟಿರಬೇಕು. ಅಷ್ಟು ಹೊತ್ತಿಗೆ ಇವರು ಮೊದಲ ಸಾಲಿನಲ್ಲೇ ಇದ್ದರು. ಅಕ್ಕ ಹೇಳಿದಂತೆ ಬರೆಯಲು ಭಾವ ಒಪ್ಪಲಿಲ್ಲ, ಭಾವ ಬರೆದದ್ದನ್ನು ಅಕ್ಕ ಒಪ್ಪಲಿಲ್ಲ.

“ಮೊದಲು ಗಂಡನ ಮೇಲೆ ನಿನ್ನ ದೂರು ಏನಿದೆ ಅದನ್ನ ಹೇಳು, ತಿಂಡಿ ಆಮೇಲೆ ಕೊಡು ಅಂತ ಬರೀರಿ.”

“ಅವನ ದೂರು ಯಾರು ಕೇಳ್ತಾರೆ?”

“ಅದನ್ನೂ ಬರೀರಿ. ಆದ್ರೆ ಕೆಳಗೆ.”

“ಎಲ್ಲಾ ನಾನೇ ಬರೀಬೇಕಾ?”

“ನಿಮ್ಮ ಅಕ್ಷರ ಚೆನ್ನಾಗಿದೆ,” ಎಂದಳು ಅಕ್ಕ, ಮುಖ ಗಂಟು ಹಾಕಿಕೊಂಡೇ.

ಭಾವ ಸುಟ್ಟ ಬೆರಳನ್ನು ಮೇಲಕ್ಕೆತ್ತಿ ಉಳಿದ ಬೆರಳುಗಳಲ್ಲಿ ಪೆನ್ನು ಹಿಡಿದು, ನನ್ನ ಕಡೆ ನೋಡದೆ ಕೈ ಚಾಚಿ ಇನ್ನೊಂದು ಹಾಳೆ ಕೇಳಿದರು.